ಕೋರ್ಟ್ ಫೀ ಬಾಕಿ ಉಳಿದ ಆ ದಾವೆ

ನಾನು ವಕೀಲಿಕೆ ಶುರು ಮಾಡಿದ ಹೊಸತು. ಮಲೆನಾಡಿನ ಒಂದು ತಾಲ್ಲೂಕು ಕೋರ್ಟು. ಒಬ್ಬ ಅಮ್ಮ ಪ್ರೋನೋಟು, ಅಂದ್ರೆ ದುಡ್ಡು ಕೊಡುತ್ತೇನೆ ಅಂತ ಬರೆದುಕೊಟ್ಟ ಪತ್ರ, ಹಿಡಿದು ಬಂದರು. ಗಂಡ ತೀರಿಕೊಂಡಿದ್ದರು, ಸ್ವಲ್ಪ ಅಡಿಕೆ ತೋಟ ಇತ್ತು. ಅಡಿಕೆ ಕೊಂಡ ವ್ಯಾಪಾರಿ ದುಡ್ಡಿನ ಬದಲು ಆ ನೋಟು ಬರೆದುಕೊಟ್ಟಿದ್ದ. ಬಡ್ಡಿ ಸೇರಿ 4 ಲಕ್ಷ. ಅದು ಡಿಮ್ಯಾಂಡ್ ಪ್ರೋನೋಟು, ಕೇಳಿದಾಗ ದುಡ್ಡು ಕೊಡಬೇಕಾದ್ದು. ಅಂಥದ್ದಕ್ಕೆ ಬರೆದ ದಿನದಿಂದ 3 ವರ್ಷದೊಳಗೆ ದಾವೆ ಹಾಕಬೇಕು. ಆ ಕಾಲಮಿತಿಗೆ ವಾಯಿದೆ ಅಂತೀವಿ. ತಾರೀಖು ನೋಡಿದರೆ ನಾಲ್ಕೇ ದಿನ ಉಳಿದಿತ್ತು.

ಆಗಿನ ಲೆಕ್ಕದಲ್ಲಿ ಕೋರ್ಟ್ ಫೀ 26,875 ರೂಪಾಯಿ. ಅಮ್ಮ ಸೆರಗಿನ ಗಂಟು ಬಿಚ್ಚಿ, ಮಡಚಿದ ನೋಟುಗಳನ್ನು ಒಂದೊಂದಾಗಿ ಬಿಡಿಸಿ ಎಣಿಸಿದರು. 6,000 ಆಯ್ತು.

"ಪಕ್ಕದ ಮನೆಯವರ ಹಿಸ್ಸೆ ದಾವೆಗೆ 200 ರೂಪಾಯಿ ಸಾಕಾಯ್ತಂತೆ. ನಂಗ್ಯಾಕೆ ತಮ್ಮಾ ಇಷ್ಟು?"

ಕೇಳಿದ್ದು ನ್ಯಾಯವೇ ಅಲ್ವಾ? ಕರ್ನಾಟಕದ 1958ರ ಕೋರ್ಟ್ ಫೀ ಕಾಯ್ದೆಯಲ್ಲಿ, ಎಲ್ಲರೂ ಒಟ್ಟಿಗೆ ಅನುಭವಿಸುತ್ತಿರುವ ಆಸ್ತಿಯಲ್ಲಿ ಪಾಲು ಕೇಳಿದರೆ ಜಾಸ್ತಿ ಅಂದ್ರೆ 200 ರೂಪಾಯಿ. ಹಣ ವಸೂಲಿಗಾದರೆ ಮೊತ್ತ ಏರಿದಂತೆ ಫೀಯೂ ಏರುತ್ತದೆ.

ಇದ್ದಷ್ಟು ಕಟ್ಟಿ, ಉಳಿದದ್ದಕ್ಕೆ ಸಮಯ ಕೇಳಿ ದಾವೆ ಹಾಕಿದೆವು. ಸಿವಿಲ್ ಪ್ರಕ್ರಿಯಾ ಸಂಹಿತೆಯ 149ನೇ ಕಲಂ ಇರುವುದೇ ಇದಕ್ಕೆ. ಕೋರ್ಟು ಒಪ್ಪಿ, ನಾವು ಗಡುವಿನೊಳಗೆ ಕಟ್ಟಿದರೆ ಮೊದಲ ದಿನವೇ ಪೂರ್ತಿ ಕಟ್ಟಿದ ಹಾಗೆ. ವಾಯಿದೆ ಉಳಿಯುತ್ತದೆ. ದಾವೆಯ ಅಂಚಿನಲ್ಲಿ ಕೆಂಪು ಶಾಯಿಯಲ್ಲಿ "ಕೊರತೆ 20,875" ಅಂತ ಬರೆದಿತ್ತು. ಅದನ್ನು ನೋಡಿಯೂ ನಾನು ನಿರಾಳವಾಗಿದ್ದೆ.

ಆದರೆ ಅದು ಜುಲೈ. ನಮ್ಮ ಕಡೆ ಮಳೆಗಾಲದಲ್ಲಿ ತೋಟದವರ ಕೈಯಲ್ಲಿ ದುಡ್ಡು ಎಲ್ಲಿರುತ್ತದೆ? ತೋಟಕ್ಕೆ ಔಷಧಿ ಹೊಡೆಸಲಿಕ್ಕೇ ಸಾಲ ಮಾಡುವ ಹೊತ್ತು. "ಕೊಯ್ಲಾಗ್ಲಿ ತಮ್ಮಾ, ಒಂದು ಪೈಸೆ ಬಾಕಿ ಇಡಲ್ಲ" ಅಂದರು ಅಮ್ಮ. ಕೋರ್ಟಿನ ಗಡುವು ಕೊಯ್ಲಿಗೆ ಕಾಯುವುದಿಲ್ಲ. ಒಮ್ಮೆ ಸಮಯ ಸಿಕ್ಕಿತು, ಎರಡನೇ ಸಲ ಸಿಗಲಿಲ್ಲ. ಫೀ ಪೂರ್ತಿ ಕಟ್ಟಲಿಲ್ಲ ಅಂತ ಅದೇ ಸಂಹಿತೆಯ ಆರ್ಡರ್ 7 ರೂಲ್ 11ರಲ್ಲಿ ದಾವೆ ತಿರಸ್ಕಾರವಾಯಿತು.

ಹೀಗೆ ತಿರಸ್ಕಾರವಾದರೆ ಹೊಸದಾಗಿ ದಾವೆ ಹಾಕಲು ಕಾನೂನಿನ ಅಡ್ಡಿಯಿಲ್ಲ. ಆದರೆ ವಾಯಿದೆಗೆ ಇದ್ದ ನಾಲ್ಕು ದಿನ ಎಂದೋ ಮುಗಿದಿತ್ತು. ಮೇಲ್ಮನವಿಗೆ ಹೋಗೋಣ ಅಂದೆ. ಅದಕ್ಕೂ ಫೀ ಕಟ್ಟಬೇಕು ಎಂದಾಗ ಅಮ್ಮ ಸುಮ್ನೆ ಕೊಡೆ ತೆಗೆದುಕೊಂಡು ಎದ್ದರು. ವ್ಯಾಪಾರಿ ಒಂದು ಮಾತೂ ಆಡಬೇಕಾಗಿ ಬರಲಿಲ್ಲ. ನೋಟು ಸುಳ್ಳು ಅಂತ ಯಾರೂ ಹೇಳಲಿಲ್ಲ. ಕೇಸು ವಿಚಾರಣೆಗೇ ಬರಲಿಲ್ಲ.

ನನ್ನ ತಪ್ಪು ಆಮೇಲೆ ತಿಳಿಯಿತು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಕಲಂ ಪ್ರಕಾರ ಮಹಿಳೆಯರಿಗೆ ಉಚಿತ ಕಾನೂನು ನೆರವಿನ ಹಕ್ಕಿದೆ. ಆದಾಯ ಎಷ್ಟು, ತೋಟ ಎಷ್ಟು ಅಂತ ನೋಡುವುದಿಲ್ಲ. ಪರಿಶಿಷ್ಟ ಜಾತಿ, ಪಂಗಡದವರಿಗೂ, ಅಂಗವಿಕಲರಿಗೂ ಹಾಗೆಯೇ. ಆ ನೆರವಿನಲ್ಲಿ ಕೋರ್ಟ್ ಫೀಯೂ ಸೇರುತ್ತದೆ. ತಾಲ್ಲೂಕು ಕಾನೂನು ಸೇವೆಗಳ ಸಮಿತಿಯ ಕಚೇರಿ ಅದೇ ಕೋರ್ಟಿನ ಆವರಣದಲ್ಲಿತ್ತು. ಅಮ್ಮ ಪ್ರತಿ ಸಲ ಅದರ ಮುಂದೆಯೇ ನಡೆದು ನನ್ನ ಹತ್ತಿರ ಬರುತ್ತಿದ್ದರು.

ಈಗ ಶಿವಮೊಗ್ಗದಲ್ಲಿದ್ದೇನೆ. ಕಕ್ಷಿದಾರರು ಬಂದು ಕೂತ ಕೂಡಲೇ ಮೂರು ವಿಷಯ ಕೇಳುತ್ತೇನೆ: ವಾಯಿದೆ ಎಂದು ಮುಗಿಯುತ್ತದೆ, ಫೀ ಎಷ್ಟಾಗುತ್ತದೆ, ಆ ದುಡ್ಡು ಯಾವ ತಿಂಗಳು ಕೈಗೆ ಬರುತ್ತದೆ. ನೆರವಿಗೆ ಅರ್ಹರಾಗಿದ್ದರೆ ಸಮಿತಿಯ ಅರ್ಜಿ ತುಂಬಿ, ನಾನೇ ಜೊತೆಗೆ ಹೋಗಿ ಕೊಟ್ಟು ಬರುತ್ತೇನೆ. ಕೇಸು ಸಮಿತಿಯ ಬೇರೆ ವಕೀಲರ ಕೈಗೆ ಹೋದರೂ ಹೋಗಲಿ. ದೂರದ ಊರಿನವರಾದರೆ ಕಾನೂನು ನೆರವಿನ ಸಹಾಯವಾಣಿ 15100ಕ್ಕೆ ಫೋನ್ ಮಾಡಿಸುತ್ತೇನೆ.