ದೇವಿಮನೆ ಘಾಟಿಯಲ್ಲಿ ಮುರಿದ ಸೈಲೆನ್ಸರ್

ತಪ್ಪು ನನ್ನದೇ. ಮೊದಲೇ ಹೇಳಿಬಿಡುತ್ತೇನೆ. ಮನೆಯಲ್ಲಿ ಇನ್ನೂ ಇದನ್ನೇ ಎತ್ತಿ ನಗುತ್ತಾರೆ.

ಶಿರಸಿಯ ಮನೆಯಲ್ಲಿ ಅಪ್ಪನ ಹಳೆಯ ಬೈಕ್ ಇದೆ. ಬೆಂಗಳೂರಿಂದ ರಜೆಗೆ ಬಂದಾಗಲೆಲ್ಲ ನಾನು ಓಡಿಸುವುದು ಅದನ್ನೇ. ಈ ಸಲ ಅದರ ಸೈಲೆನ್ಸರ್ ಕಟಕಟ ಅನ್ನುತ್ತಿತ್ತು. ಬಗ್ಗಿ ನೋಡಿದೆ. ಹಿಂದಿನ ಬ್ರಾಕೆಟ್ಟಿನ ರಬ್ಬರ್ ಬುಷ್ ಒಣಗಿ ಚೂರುಚೂರಾಗಿತ್ತು. ಪೇಟೆಗೆ ಹೋಗಿ ಹೊಸದು ತರಬೇಕಿತ್ತು. ಸೋಮಾರಿತನ ಬಿಡಬೇಕಲ್ಲ. ರಬ್ಬರ್ ಕಿತ್ತು ಬಿಸಾಕಿ, ಎರಡು ದಪ್ಪ ವಾಷರ್ ಹಾಕಿ, ಸ್ಪ್ಯಾನರ್ ಮೇಲೆ ಕಾಲಿಟ್ಟು ಬೋಲ್ಟ್ ಬಿಗಿ ಮಾಡಿದೆ. ಸದ್ದು ನಿಂತಿತು. ಖುಷಿಯಾಯಿತು.

ನಾನು ಹೊಟ್ಟೆಪಾಡಿಗೆ ಮಾಡುವ ಕೆಲಸ ಏನು ಗೊತ್ತಾ? ಕಂಪನ ಪರೀಕ್ಷೆ. ಎಲೆಕ್ಟ್ರಾನಿಕ್ ಪೆಟ್ಟಿಗೆ, ಬ್ರಾಕೆಟ್ಟು, ಕೊಳವೆ ಇಂಥವನ್ನೆಲ್ಲ ಶೇಕರ್ ಯಂತ್ರದ ಮೇಲೆ ಕೂರಿಸಿ, ಎಲ್ಲಿ ಒಡೆಯುತ್ತದೆ ಅಂತ ಗೊತ್ತಾಗುವವರೆಗೆ ನಡುಗಿಸುವುದು. ಹದಿನೈದು ವರ್ಷದಿಂದ ಅದೇ.

ಅಕ್ಕನ ಮಗ ಮೂರನೇ ವರ್ಷದ ಇಂಜಿನಿಯರಿಂಗ್. ಕಾಲೇಜಿನಲ್ಲಿ ಹೈಪರ್‌ಸಾನಿಕ್ ಹಾರಾಟದ ಮೇಲೆ ಸೆಮಿನಾರ್ ಕೊಡಬೇಕಿತ್ತು. ಇಪ್ಪತ್ತು ಸ್ಲೈಡ್ ಮಾಡಿಟ್ಟುಕೊಂಡಿದ್ದ. ಆ ನೆಪದಲ್ಲಿ ಕಾರವಾರಕ್ಕೆ ಹೋಗಿ, ಅಲ್ಲಿ ನೋಡಲಿಕ್ಕೆ ಇಟ್ಟಿರುವ ನೌಕಾಪಡೆಯ ಹಳೆಯ ಟುಪೊಲೆವ್ ವಿಮಾನ ನೋಡಿ ಬರೋಣ ಅಂತ ಗಂಟು ಬಿದ್ದ.

"ಅದು ಹೈಪರ್‌ಸಾನಿಕ್ ಅಲ್ಲ ಮಾರಾಯ. ಫ್ಯಾನು ತಿರುಗಿಸಿಕೊಂಡು ಹಾರ್ತಿದ್ದ ವಿಮಾನ."

"ವಿಮಾನ ಅಂತೂ ಹೌದಲ್ಲ ಮಾವ."

ಇದಕ್ಕೆ ಏನು ಹೇಳುವುದು? ಭಾನುವಾರ ಬೆಳಿಗ್ಗೆ ತೆಳ್ಳೇವು ತಿಂದು ಹೊರಟೆವು.

ದೇವಿಮನೆ ಗುಡಿಯ ಹತ್ತಿರ ಬೈಕ್ ನಿಲ್ಲಿಸಿ ಕೈಮುಗಿದೆವು. ಅಲ್ಲೇ ಕಟ್ಟೆಯ ಮೇಲೆ ಕೂತು ಅವನು ಮೊಬೈಲಿನಲ್ಲಿ ಸ್ಲೈಡ್ ತೋರಿಸಿದ. ಮೊದಲನೆಯದರಲ್ಲಿ ಶಬ್ದಕ್ಕಿಂತ ಐದು ಪಟ್ಟು ವೇಗ, ಅಂದರೆ ಐದು ಮ್ಯಾಕ್ ದಾಟಿದರೆ ಹೈಪರ್‌ಸಾನಿಕ್ ಅಂತ ಇತ್ತು. ಸರಿ. ಎರಡನೆಯದರಲ್ಲಿ ನಮ್ಮ ಡಿಆರ್‌ಡಿಒ 2020ರ ಸೆಪ್ಟೆಂಬರ್ 7ರಂದು ಒಡಿಶಾ ಕರಾವಳಿಯ ಕಲಾಂ ದ್ವೀಪದಿಂದ ಹಾರಿಸಿದ ವಾಹನ. ಆರು ಮ್ಯಾಕ್ ಹತ್ತಿರದ ವೇಗ, ಶಬ್ದಕ್ಕಿಂತ ಜೋರಾಗಿ ಒಳಗೆ ನುಗ್ಗುವ ಗಾಳಿಯಲ್ಲೇ ಇಂಧನ ಉರಿಸುವ ಸ್ಕ್ರಾಮ್‌ಜೆಟ್ ಎಂಜಿನ್ ಉರಿದದ್ದು ಇಪ್ಪತ್ತು ಸೆಕೆಂಡಿಗಿಂತ ಜಾಸ್ತಿ. ಇದೂ ಸರಿ. ಅದರ ಕೆಳಗೆ ಬಿರುಗಾಳಿಯಲ್ಲಿ ಮೊಂಬತ್ತಿ ಉರಿಸಿದ ಹಾಗೆ ಅಂತ ಒಂದು ಚಿತ್ರ. ಆ ಹೋಲಿಕೆ ಕೇಳಿ ಕೇಳಿ ನನಗೆ ಸಾಕಾಗಿದೆ, ತೆಗಿ ಅಂದೆ. ತೆಗೆಯಲಿಲ್ಲ. ಮೂರನೆಯದರಲ್ಲಿ 'ಗಾಳಿಯ ಘರ್ಷಣೆಯಿಂದ ವಿಮಾನ ಬಿಸಿಯಾಗುತ್ತದೆ' ಅಂತ ಬರೆದಿದ್ದ.

"ಇದು ಅರ್ಧ ಮಾತ್ರ ನಿಜ. ಸೈಕಲ್ ಪಂಪ್ ಹೊಡೆದಿದ್ದೀಯಲ್ಲ, ಕೆಳಗಿನ ತುದಿ ಬಿಸಿಯಾಗೋದು ಯಾಕೆ?"

"ಗಾಳಿ ಒತ್ತಿದ್ದಕ್ಕೆ."

ಅಷ್ಟೇ ವಿಷಯ. ಅಷ್ಟು ವೇಗದಲ್ಲಿ ಮೂತಿಯ ಮುಂದಿರುವ ಗಾಳಿಗೆ ಪಕ್ಕಕ್ಕೆ ಸರಿಯಲು ಪುರುಸೊತ್ತಿಲ್ಲ. ಅಲ್ಲೇ ಒತ್ತಿಕೊಂಡು ನಿಲ್ಲುತ್ತದೆ, ಓಟದ ಶಕ್ತಿಯೆಲ್ಲ ಬಿಸಿಯಾಗುತ್ತದೆ. ಮೈಗುಂಟ ಉಜ್ಜಿಕೊಂಡು ಹೋಗುವ ತೆಳು ಪದರದಲ್ಲಿ ಘರ್ಷಣೆಯ ಪಾಲೂ ಇದೆ, ಇಲ್ಲ ಅನ್ನುವುದಿಲ್ಲ. ಮೇಲೆ ಗಾಳಿ ಸೊನ್ನೆಗಿಂತ ಐವತ್ತು ಡಿಗ್ರಿ ಕೆಳಗಿರುವ ಕಡೆ ಆರು ಮ್ಯಾಕಿನಲ್ಲಿ ಹೋದರೆ, ಮೂತಿಯ ಎದುರು ನಿಂತ ಗಾಳಿ ಲೆಕ್ಕದ ಪ್ರಕಾರ ಸುಮಾರು 1500 ಡಿಗ್ರಿ ಸೆಲ್ಸಿಯಸ್. ಕಬ್ಬಿಣ ಕರಗುವ ಬಿಸಿಗೆ ಸ್ವಲ್ಪವೇ ಕಡಿಮೆ. ವೇಗ ಎರಡು ಪಟ್ಟಾದರೆ ಮೈಗೆ ಬಂದು ಬಡಿಯುವ ಬಿಸಿ ಹೆಚ್ಚುಕಡಿಮೆ ಎಂಟು ಪಟ್ಟು. ಮೊಬೈಲಿನಲ್ಲಿ ಬರೆದುಕೊಂಡ.

ಅಲ್ಲಿಂದ ಇಳಿಯುವಾಗ ಎರಡನೆಯದೋ ಮೂರನೆಯದೋ ತಿರುವಿನಲ್ಲಿ 'ಟಣ್' ಅಂತ ಒಂದು ಸದ್ದು. ಆಮೇಲೆ ರಸ್ತೆಗೆ ಏನೋ ಉಜ್ಜುವ ಕರಕರ. ನಿಲ್ಲಿಸಿ ನೋಡಿದರೆ ಬ್ರಾಕೆಟ್ಟು ಬೆಸುಗೆಯ ಅಂಚಿಗೇ ಸರಿಯಾಗಿ ಸೀಳಿ, ಸೈಲೆನ್ಸರ್ ಬಾಲದ ಹಾಗೆ ಜೋತುಬಿದ್ದಿತ್ತು. ಒಡೆದ ಜಾಗವನ್ನು ಹತ್ತಿರದಿಂದ ನೋಡಿದೆ, ಚಟ ಅದು. ಒಂದು ಬದಿ ಮಾಸಲು ಬಣ್ಣ, ನುಣ್ಣಗೆ. ಇನ್ನೊಂದು ಬದಿ ಬೆಳ್ಳಗೆ, ಒರಟು. ನುಣ್ಣಗಿನದು ನಾಲ್ಕು ದಿನದಿಂದ ಸ್ವಲ್ಪ ಸ್ವಲ್ಪವೇ ಬಿಟ್ಟ ಬಿರುಕು. ಒರಟಿನದು ಈಗ ಒಮ್ಮೆಗೇ ಹರಿದದ್ದು. ನಾನು ಬೋಲ್ಟ್ ಬಿಗಿ ಮಾಡಿಯೂ ನಾಲ್ಕೇ ದಿನ ಆಗಿತ್ತು.

ಹುಡುಗ ಏನೂ ಕೇಳಲಿಲ್ಲ. ಅದೇ ಜಾಸ್ತಿ ಚುಚ್ಚಿತು.

ಹೆಗಲಿನ ಪಂಚೆ ಹರಿದು ಕಟ್ಟಿದರೆ ಸುಟ್ಟುಹೋಗುತ್ತದೆ. ಬೇಲಿಯ ತಂತಿ ಒಂದು ತುಂಡು ಸಿಕ್ಕಿತು. ಅದರಲ್ಲಿ ಕಟ್ಟಿಕೊಂಡು, ಎಂಜಿನ್ ಆಫ್ ಮಾಡಿ, ಇಳಿಜಾರಿನಲ್ಲಿ ಹಾಗೇ ಜಾರಿಸುತ್ತ ಕೆಳಗೆ ಬಂದೆವು. ಕತಗಾಲದ ಈಚೆ ರಸ್ತೆ ಬದಿಗೆ ಒಂದು ವೆಲ್ಡಿಂಗ್ ಶೆಡ್ ಕಂಡಿತು. ಭಾನುವಾರ ಆದರೂ ಬಾಗಿಲು ತೆಗೆದಿತ್ತು, ಪುಣ್ಯ.

ಅಲ್ಲಿದ್ದವರಿಗೆ ಅರವತ್ತರ ಹತ್ತಿರ ವಯಸ್ಸು. ಬ್ರಾಕೆಟ್ಟು ನೋಡಿದರು, ವಾಷರ್ ನೋಡಿದರು, ನನ್ನ ಮುಖ ನೋಡಿದರು.

"ರಬ್ಬರ್ ಎಲ್ಲಿ?"

"ಹಾಳಾಗಿತ್ತು. ಬಿಗಿ ಮಾಡಿಬಿಟ್ಟೆ."

"ಬಿಗಿ ಮಾಡಿದ್ರೆ ಅದು ಎಲ್ಲಿಗೆ ಹೋಗ್ಬೇಕು ಮಾರಾಯ್ರೆ? ಕಾದ ಮೇಲೆ ಉದ್ದ ಆಗ್ತದಲ್ಲ ಅದು."

ಒಂದು ಮೀಟರ್ ಉಕ್ಕಿನ ಕೊಳವೆ 300 ಡಿಗ್ರಿ ಬಿಸಿಯೇರಿದರೆ ಸುಮಾರು ಮೂರೂವರೆ ಮಿಲಿಮೀಟರ್ ಬೆಳೆಯುತ್ತದೆ. ನನಗೆ ಬಾಯಿಪಾಠ ಬರುವ ಲೆಕ್ಕ. ಆ ಮೂರೂವರೆ ಮಿಲಿಮೀಟರಿಗೆ ಜಾಗ ಕೊಡದೆ ನಾನು ಬಾಗಿಲು ಹಾಕಿದ್ದೆ. ಕೊಳವೆ ಒಳಗಿಂದ ತಳ್ಳುತ್ತಿತ್ತು, ಎಂಜಿನ್ ನಡುಗಿಸುತ್ತಿತ್ತು, ಬೆಸುಗೆಯ ಅಂಚು ಎರಡನ್ನೂ ಒಟ್ಟಿಗೆ ತಿನ್ನುತ್ತಿತ್ತು. ಒಂದೊಂದೇ ಆಗಿದ್ದರೆ ವರ್ಷಗಟ್ಟಲೆ ತಡೆಯುತ್ತಿತ್ತೇನೋ.

ಅವರ ಕೈಯಲ್ಲಿ ಒಂದು ಗೇಟಿನ ಕೆಲಸ ಅರ್ಧಕ್ಕೆ ನಿಂತಿತ್ತು. ಅದು ಮುಗಿಯುವವರೆಗೆ ಕೂರಿ ಅಂದರು. ಕಬ್ಬಿಣದ ಚೌಕಟ್ಟಿಗೆ ತೆಳು ತಗಡು ಇಟ್ಟು ನಾಲ್ಕೂ ಬದಿ ಬೆಸೆಯುತ್ತಿದ್ದರು. ಮೂರು ಬದಿ ಮುಗಿಯುವಷ್ಟರಲ್ಲಿ ತಗಡು ನಡುವೆ ಹೊಟ್ಟೆ ಬಿಟ್ಟಿತು. ಹುಡುಗ ಅದನ್ನು ಅಂಗೈಯಲ್ಲಿ ಒತ್ತಿದ. ಡಬ್. ಆ ಕಡೆ ಉಬ್ಬಿತು. ಆ ಕಡೆಯಿಂದ ಒತ್ತಿದ. ಡಬ್. ಈ ಕಡೆ ಬಂತು. ಮಕ್ಕಳಾಟ ಶುರುವಾಯಿತು.

ನನಗೆ ಅಲ್ಲಿ ಪಾಠ ಸಿಕ್ಕಿತು. "ಇದನ್ನೇ ನಿನ್ನ ಸ್ಲೈಡಿಗೆ ಹಾಕು" ಅಂದೆ. ಹೈಪರ್‌ಸಾನಿಕ್ ವಿಮಾನದ ಮೈ ಅಂದರೆ ಇಂಥ ತಗಡುಗಳೇ, ಅಂಚಿನಲ್ಲಿ ಹಿಡಿದು ಕೂರಿಸಿದ್ದು. ಬಿಸಿಯಾದಾಗ ಹಿಗ್ಗಬೇಕು, ಅಂಚು ಬಿಡುವುದಿಲ್ಲ. ತನ್ನನ್ನು ತಾನೇ ಒತ್ತಿಕೊಂಡು ಮೆತ್ತಗಾಗುತ್ತಾ ಬರುತ್ತದೆ. ತಣ್ಣಗಿದ್ದಾಗ ಟಣಟಣ ಅನ್ನುತ್ತಿದ್ದ ತಗಡು ಬಿಸಿಯಲ್ಲಿ ಮಂದ ಸ್ವರಕ್ಕೆ ಇಳಿಯುತ್ತದೆ, ಅಂದರೆ ಅದರ ಸಹಜ ಕಂಪನದ ವೇಗ ಕಡಿಮೆಯಾಗುತ್ತದೆ. ತಣ್ಣಗಿರುವಾಗ ಪರೀಕ್ಷೆ ಮಾಡಿ 'ಈ ನಡುಕ ಇದಕ್ಕೆ ತಾಗುವುದಿಲ್ಲ' ಅಂತ ಸಹಿ ಹಾಕಿದ್ದೆಲ್ಲ ಅಲ್ಲಿಗೆ ಮುಗಿಯಿತು. ಕೊನೆಗೆ ಉಬ್ಬುತ್ತದೆ. ಹೊರಗೆ ಗಾಳಿಯ ಅಬ್ಬರ, ಒಳಗೆ ಎಂಜಿನ್ನಿನ ಮೊರೆತ. ಎರಡೂ ಸೇರಿ ಈ ಹುಡುಗನ ಅಂಗೈ ಹಾಗೆ ಅದನ್ನು ಡಬ್ ಡಬ್ ಅಂತ ಆ ಕಡೆ ಈ ಕಡೆ ಒಗೆಯುತ್ತವೆ. ತಗಡು ಎಷ್ಟು ಹೊತ್ತು ತಾಳೀತು?

"ಹಾಗಾದರೆ ಅಂಚನ್ನು ಸಡಿಲ ಬಿಟ್ಟರಾಯ್ತು. ಇವರು ಹೇಳಿದ ಹಾಗೆ."

ಎಲ್ಲರಿಗೂ ಮೊದಲು ಹೊಳೆಯುವುದು ಇದೇ. ಅಮೆರಿಕದ ಎಕ್ಸ್-15 ರಾಕೆಟ್ ವಿಮಾನ ಕಟ್ಟಿದವರಿಗೂ ಹೊಳೆದಿತ್ತು. 1959ರಿಂದ 1968ರವರೆಗೆ ಮೂರು ವಿಮಾನ, 199 ಹಾರಾಟ. ನಿಕ್ಕಲ್ ಮಿಶ್ರಲೋಹದ ಮೈ, ಸುಮಾರು 650 ಡಿಗ್ರಿ ತಾಳಲಿ ಅಂತ ಲೆಕ್ಕ ಹಾಕಿ ಮಾಡಿದ್ದು. ರೆಕ್ಕೆಯ ಮುಂಚೂಣಿ ಬೇಗ ಕಾಯುತ್ತದೆ ಅಂತ ಅಲ್ಲಲ್ಲಿ ಸೀಳು ಬಿಟ್ಟಿದ್ದರು, ಹಿಗ್ಗಲು ಜಾಗ. ಐದು ಮ್ಯಾಕ್ ದಾಟಿ ಹಾರಿ ಬಂದ ಮೇಲೆ ನೋಡಿದರೆ ಸರಿಯಾಗಿ ಆ ಸೀಳುಗಳ ಹಿಂದೆಯೇ ರೆಕ್ಕೆಯ ತಗಡು ಉಬ್ಬಿ ಸುಕ್ಕಾಗಿತ್ತು. ನುಣ್ಣಗೆ ಹರಿಯುತ್ತಿದ್ದ ಗಾಳಿ ಸೀಳಿಗೆ ಎಡವಿ ಕದಡಿಹೋಗಿತ್ತು. ಕದಡಿದ ಗಾಳಿ ಮೈಗೆ ಒಯ್ಯುವ ಬಿಸಿ ಹಲವು ಪಟ್ಟು ಜಾಸ್ತಿ. ಆ ಸೀಳುಗಳಿಗೆ ತೆಳ್ಳನೆಯ ಪಟ್ಟಿ ಮುಚ್ಚಿದರು, ಹಿಂದೆ ರಿವೆಟ್ ಹೆಚ್ಚಿಸಿದರು. ಅದೇ ವಿಮಾನದ ಪಕ್ಕದ ತಗಡುಗಳು ಗಾಳಿಗೆ ಪಟಪಟ ಬಡಿದುಕೊಂಡಾಗ ಮಾಡಿದ್ದು ಸೀಳು ಬಿಟ್ಟದ್ದಕ್ಕೆ ತದ್ವಿರುದ್ಧ ಕೆಲಸ: ಹಿಂದೆ ಪಟ್ಟಿ ಕೊಟ್ಟು ಗಟ್ಟಿ ಮಾಡಿದರು. ಬಿಸಿ ಸಡಿಲ ಕೇಳುತ್ತದೆ, ನಡುಕ ಬಿಗಿ ಕೇಳುತ್ತದೆ. ಒಂದೇ ತಗಡು, ಇಬ್ಬರು ಯಜಮಾನರು.

ಗಾಜಿನದೂ ಒಂದು ಕತೆ ಇದೆ. 1961ರ ನವೆಂಬರ್ 9ರಂದು ಎಕ್ಸ್-15ರ ಪೈಲಟ್ ರಾಬರ್ಟ್ ವೈಟ್ ಮೊದಲ ಸಲ ಆರು ಮ್ಯಾಕ್ ದಾಟಿದರು. ಅದೇ ಹಾರಾಟದಲ್ಲಿ ಎದುರಿನ ಗಾಜಿನ ಹೊರಪದರ ಬಿರುಕು ಬಿಟ್ಟಿತು. ತಪ್ಪು ಗಾಜಿನದೊಂದೇ ಅಲ್ಲ. ಅದನ್ನು ಹಿಡಿದಿದ್ದ ಲೋಹದ ಚೌಕಟ್ಟು ಕಾದು ಸೊಟ್ಟಗಾಗಿತ್ತು. ಅವರು ಸುರಕ್ಷಿತವಾಗಿ ಇಳಿದರು. 1967ರ ಅಕ್ಟೋಬರ್ 3ರಂದು ಇನ್ನೊಬ್ಬ ಪೈಲಟ್ ಪೀಟ್ ನೈಟ್ 6.7 ಮ್ಯಾಕ್ ಮುಟ್ಟಿ ಬಂದಾಗ, ಹೊಟ್ಟೆಯ ಕೆಳಗಿನ ರೆಕ್ಕೆಯಲ್ಲಿ ತೂತು ಸುಟ್ಟಿತ್ತು, ಅದಕ್ಕೆ ತಗುಲಿಸಿದ್ದ ನಕಲಿ ಎಂಜಿನ್ ಕಳಚಿ ಬಿದ್ದಿತ್ತು. ತಗುಲಿಸಿದ ವಸ್ತುವಿನಿಂದ ಎದ್ದ ಆಘಾತ ಅಲೆ, ಅಂದರೆ ಒತ್ತಿಕೊಂಡ ಗಾಳಿಯ ಬಿಸಿ ಅಲೆ, ಬಂದು ಒಂದೇ ಜಾಗಕ್ಕೆ ಬಡಿದಿತ್ತು. ಆ ವಿಮಾನ ಮತ್ತೆ ಹಾರಲಿಲ್ಲ.

ವೆಲ್ಡಿಂಗ್‌ನವರು ಕನ್ನಡಕ ಹಣೆಗೆ ಏರಿಸಿ ಕೇಳುತ್ತಿದ್ದರು. "ಹಾರಿಸೋ ಮೊದ್ಲು ಇಲ್ಲೇ ಕಾಯಿಸಿ ನೋಡ್ಲಿಕ್ಕೆ ಆಗ್ತಿರ್ಲಿಲ್ವಾ?" ಅಂದರು.

ಒಳ್ಳೆಯ ಪ್ರಶ್ನೆ. ಕಾಯಿಸಬಹುದು, ನಡುಗಿಸಬಹುದು. ಎರಡನ್ನೂ ಒಟ್ಟಿಗೆ ಮಾಡುವುದೇ ಕಷ್ಟ. ನಮ್ಮ ಲ್ಯಾಬಿನಲ್ಲಿ ಕಂಪನ ಅಳೆಯುವ ಪುಟ್ಟ ಸಂವೇದಕವನ್ನು ಎಷ್ಟೋ ಸಲ ಜೇನುಮೇಣದಲ್ಲಿ ಅಂಟಿಸುತ್ತೇವೆ. ಹೌದು, ಜೇನುಮೇಣವೇ. ಅಪ್ಪ ಜೇನುಪೆಟ್ಟಿಗೆಯಿಂದ ತೆಗೆದಿಟ್ಟದ್ದನ್ನು ನಾನು ಡಬ್ಬಿಯಲ್ಲಿ ಒಯ್ಯುತ್ತೇನೆ. ಉಗುರುಬೆಚ್ಚಗಾದರೆ ಸಾಕು, ಸಂವೇದಕ ಜಾರಿ ಕೆಳಗೆ. ಬಿಸಿಗೆ ಬೇರೆ ಅಂಟು ಇದೆ, ಸ್ಕ್ರೂ ಇದೆ, ಬಿಸಿ ತಾಳುವ ಸಂವೇದಕವೂ ಇದೆ. ಆದರೆ ಕೆಂಪಗೆ ಕಾದ ತೆಳು ತಗಡಿಗೆ ಏನನ್ನು ತಗುಲಿಸಿದರೂ ಅದರ ಭಾರಕ್ಕೇ ತಗಡಿನ ನಡುಕ ಬದಲಾಗುತ್ತದೆ. ಅದಕ್ಕೇ ದೂರದಿಂದ ಲೇಸರ್ ಬಿಟ್ಟು ಅಳೆಯುತ್ತಾರೆ. ಮೇಲೆ ಹಾರುವಾಗ ಬಿಸಿಯೂ ಒಂದೇ ಸಮ ಬರುವುದಿಲ್ಲ. ತುದಿ ಕೆಂಡ, ಹತ್ತಿರದಲ್ಲೇ ತಂಪು. ಅದನ್ನೆಲ್ಲ ನೆಲದ ಮೇಲೆ ಹಾಗ್ಹಾಗೇ ತರುವುದು ಆಗದ ಮಾತು.

ಅವರು ತಲೆ ಆಡಿಸಿ ಎದ್ದರು. ಬ್ರಾಕೆಟ್ಟು ಬೆಸೆದು, ಬೋಲ್ಟಿನ ತೂತನ್ನು ಗುಂಡು ಅರದಿಂದ ಉಜ್ಜಿ ಉಜ್ಜಿ ಉದ್ದಕ್ಕೆ ಮಾಡಿದರು, ಹುಣಸೆಬೀಜದ ಆಕಾರಕ್ಕೆ. ಹಳೆಯ ಟ್ಯೂಬಿನ ರಬ್ಬರ್ ಕತ್ತರಿಸಿ ಎರಡು ಮಡಿಕೆ ಹಾಕಿದರು. "ಇದು ಸುಡ್ತದೆ ಒಂದಿನ. ಅಷ್ಟರೊಳಗೆ ಹೊಸದು ಹಾಕಿ." ನೂರೈವತ್ತು ರೂಪಾಯಿ.

ಕುಮಟಾ ದಾಟಿ ಹೆದ್ದಾರಿಗೆ ಬಂದೆವು. ಶಿರೂರಿನಲ್ಲಿ ಗುಡ್ಡ ಕುಸಿದ ಜಾಗ ದಾಟುವಾಗ ಇಬ್ಬರೂ ಮಾತಾಡಲಿಲ್ಲ. ಕಾರವಾರ ಮುಟ್ಟುವಾಗ ಎರಡೂವರೆ ಗಂಟೆ. ಮೊದಲು ಊಟ, ಆಮೇಲೆ ಟ್ಯಾಗೋರ್ ಕಡಲತೀರ.

ಚಪಲ್ ಯುದ್ಧನೌಕೆಯ ಪಕ್ಕದಲ್ಲೇ ಟುಪೊಲೆವ್ 142 ನಿಂತಿದೆ. 1988ರಿಂದ 2017ರವರೆಗೆ ನೌಕಾಪಡೆಗೆ ದುಡಿದದ್ದು. ನಾಲ್ಕು ಎಂಜಿನ್, ಒಂದೊಂದಕ್ಕೂ ಎದುರುಬದುರು ತಿರುಗುವ ಎರಡೆರಡು ಪ್ರೊಪೆಲ್ಲರ್. ಈ ವಂಶದ ವಿಮಾನಗಳ ಸದ್ದು, ನಡುಕ ಎರಡೂ ಹೆಸರುವಾಸಿ. ಗಂಟೆಗಟ್ಟಲೆ ಅದರೊಳಗೆ ಕೂತು ಸಮುದ್ರ ಕಾಯುತ್ತಿದ್ದವರನ್ನು ನೆನೆದರೆ ನನಗೆ ಬೆನ್ನು ನೋಯುತ್ತದೆ.

ಹುಡುಗ ಫೋಟೋ ತೆಗೆಯುತ್ತಿದ್ದ. ನಾನು ತಲೆ ಓರೆ ಮಾಡಿ, ಮಧ್ಯಾಹ್ನದ ಬಿಸಿಲು ಅಡ್ಡ ಬೀಳುವ ಕಡೆಯಿಂದ ಮೈಯ ತಗಡನ್ನು ನೋಡಿದೆ. ದೂರದಿಂದ ಸಪಾಟು. ಹೀಗೆ ನೋಡಿದರೆ ರಿವೆಟ್ ಸಾಲಿನ ನಡುನಡುವೆ ಸಣ್ಣ ಅಲೆಗಳು.

"ಇದು ಬಿಸಿಗಾ ಮಾವ?"

"ಅಲ್ಲ. ವಯಸ್ಸು."

ನಿಜ ಹೇಳಬೇಕೆಂದರೆ ಕಟ್ಟುವಾಗಲೇ ಇದ್ದದ್ದೋ, ಆಮೇಲೆ ಬಂದದ್ದೋ, ನೋಡಿದ ಮಾತ್ರಕ್ಕೆ ಹೇಳಲಾಗದು. ಆದರೆ ಹುಡುಗನ ಮುಂದೆ ಆ ದಿನ ನನಗೆ ಒಂದಾದರೂ ಗಟ್ಟಿ ಉತ್ತರ ಬೇಕಿತ್ತು.

ಸಂಜೆ ಘಾಟಿ ಹತ್ತುವಾಗ ಸೈಲೆನ್ಸರ್ ಸಣ್ಣಗೆ ಕಟಕಟ ಶುರುಮಾಡಿತು. ಹುಡುಗ ಹಿಂದಿನಿಂದ ಬಗ್ಗಿ, "ನಿಲ್ಲಿಸಿ ಒಂದು ಸುತ್ತು ಬಿಗಿ ಮಾಡ್ಲಾ?" ಅಂದ.

"ಮುಟ್ಟಬೇಡ" ಅಂದೆ.

ಸೋಮವಾರ ಶಿರಸಿ ಪೇಟೆಯಲ್ಲಿ ಬುಷ್ ಕೇಳಿದೆ. ಸ್ಟಾಕ್ ಇಲ್ಲವಂತೆ, ಹುಬ್ಬಳ್ಳಿಯಿಂದ ಬರಬೇಕಂತೆ.