ಥರ್ಗುಡ್ ಮಾರ್ಷಲ್ ಅವರ ಬೆನ್ನಿಗಿದ್ದ ಬಳಗ

ನಮ್ಮ ಕೋಲಾರದ ನ್ಯಾಯಾಲಯದಲ್ಲಿ ವೃತ್ತಿ ಆರಂಭಿಸುವ ಕಿರಿಯ ವಕೀಲರಲ್ಲಿ ಥರ್ಗುಡ್ ಮಾರ್ಷಲ್ ಅವರ ಹೆಸರು ಕೇಳದವರು ಕಡಿಮೆ. ಕಪ್ಪು ಮಕ್ಕಳನ್ನೂ ಬಿಳಿಯ ಮಕ್ಕಳನ್ನೂ ಬೇರೆ ಬೇರೆ ಶಾಲೆಗಳಲ್ಲಿ ಕೂರಿಸುವುದು ಸಂವಿಧಾನಕ್ಕೆ ವಿರುದ್ಧವೆಂದು ಅಮೆರಿಕದ ಸುಪ್ರೀಂ ಕೋರ್ಟು 1954ರ ಮೇ 17ರಂದು ಒಂಬತ್ತು ನ್ಯಾಯಮೂರ್ತಿಗಳ ಒಮ್ಮತದಿಂದ ಕೊಟ್ಟ ಬ್ರೌನ್ ಪ್ರಕರಣದ ತೀರ್ಪನ್ನು ಅವರೆಲ್ಲ ಓದಿರುತ್ತಾರೆ; ಆ ಪ್ರಕರಣವನ್ನು ಮುನ್ನಡೆಸಿದ ವಕೀಲರೇ 1967ರಲ್ಲಿ ಅದೇ ಕೋರ್ಟಿನ ಮೊದಲ ಕಪ್ಪು ನ್ಯಾಯಮೂರ್ತಿಯಾದರು ಎಂಬುದೂ ಅವರಿಗೆ ಗೊತ್ತು. ಆದರೆ ಮಾರ್ಷಲ್ ಅವರು ಪ್ರಿನ್ಸ್ ಹಾಲ್ ಮೇಸನ್ ಬಳಗದಲ್ಲಿ, ಅಂದರೆ ಫ್ರೀಮೇಸನ್ ಎಂಬ ಸೋದರ ಸಂಘದ ಕಪ್ಪು ಜನರ ಶಾಖೆಯಲ್ಲಿ, ಎಲ್ಲಕ್ಕಿಂತ ಮೇಲಿನ 33ನೇ ಪದವಿ ಪಡೆದ ಹಿರಿಯರಾಗಿದ್ದರು, ಅವರು ನಡೆಸಿದ ದಾವೆಗಳ ಖರ್ಚಿಗೆ ಆ ಬಳಗ ಹಣ ಕೂಡಿಸಿ ಕೊಡುತ್ತಿತ್ತು ಎಂಬ ಮಾತು ನಾನು ಓದಿದ ಯಾವ ತರಗತಿಯಲ್ಲೂ ಬರಲಿಲ್ಲ. ದಲಿತ ಕಕ್ಷಿದಾರರ ಪ್ರಕರಣಗಳನ್ನು ನಡೆಸುವ ನಮ್ಮಂಥವರಿಗೆ ಮಾರ್ಷಲ್ ಅವರ ವಾದದಷ್ಟೇ ಈ ಏರ್ಪಾಡೂ ಮುಖ್ಯವೆಂದು ನಂಬಿರುವುದರಿಂದ ಇದನ್ನು ಬರೆಯುತ್ತಿದ್ದೇನೆ.

ಮಾರ್ಷಲ್ ಹುಟ್ಟಿದ್ದು 1908ರಲ್ಲಿ, ಬಾಲ್ಟಿಮೋರ್ ನಗರದಲ್ಲಿ. ತಾಯಿ ಶಾಲಾ ಶಿಕ್ಷಕಿ. ತಂದೆ ರೈಲಿನಲ್ಲೂ ಆಮೇಲೆ ಬಿಳಿಯರ ಕ್ಲಬ್ಬಿನಲ್ಲೂ ದುಡಿದವರು. ಊರಿನಲ್ಲೇ ಇದ್ದ ಮೇರಿಲ್ಯಾಂಡ್ ವಿಶ್ವವಿದ್ಯಾಲಯದ ಕಾನೂನು ಶಾಲೆ ಕಪ್ಪು ವಿದ್ಯಾರ್ಥಿಗಳನ್ನು ಸೇರಿಸಿಕೊಳ್ಳುತ್ತಿರಲಿಲ್ಲವಾದ್ದರಿಂದ ದಿನವೂ ರೈಲು ಹತ್ತಿ ವಾಷಿಂಗ್ಟನ್ನಿನ ಹೊವಾರ್ಡ್ ವಿಶ್ವವಿದ್ಯಾಲಯಕ್ಕೆ ಹೋಗಿ ಓದಿದರು. ಶುಲ್ಕ ಹೊಂದಿಸಲು ತಾಯಿ ಮದುವೆಯ ಉಂಗುರವನ್ನು ಗಿರವಿ ಇಟ್ಟಿದ್ದರು. 1933ರಲ್ಲಿ ತರಗತಿಗೇ ಮೊದಲಿಗರಾಗಿ ಪಾಸಾದ ಅವರು, ಗುರುಗಳಾದ ಚಾರ್ಲ್ಸ್ ಹ್ಯಾಮಿಲ್ಟನ್ ಹ್ಯೂಸ್ಟನ್ ಅವರ ಜೊತೆ ನಿಂತು ಆ ಮೇರಿಲ್ಯಾಂಡ್ ಕಾನೂನು ಶಾಲೆಯ ವಿರುದ್ಧವೇ ದಾವೆ ಹೂಡಿ, ಡೊನಾಲ್ಡ್ ಮರ್ರೆ ಎಂಬ ಕಪ್ಪು ವಿದ್ಯಾರ್ಥಿಗೆ ಪ್ರವೇಶ ಕೊಡಿಸಿದರು. ಮುಂದೆ ಸುಪ್ರೀಂ ಕೋರ್ಟಿನಲ್ಲಿ ಅವರು ವಾದಿಸಿದ ಪ್ರಕರಣಗಳು 32, ಗೆದ್ದದ್ದು 29.

ಇನ್ನು ಬಳಗದ ವಿಷಯ. ಬಾಸ್ಟನ್ನಿನ ಪ್ರಿನ್ಸ್ ಹಾಲ್ ಎಂಬ ಕಪ್ಪು ನಾಗರಿಕ ಇನ್ನೂ 14 ಮಂದಿ ಕಪ್ಪು ಜನರೊಂದಿಗೆ 1775ರಲ್ಲಿ ಮೇಸನ್ ದೀಕ್ಷೆ ಪಡೆದದ್ದು ಬ್ರಿಟಿಷ್ ಸೈನ್ಯದ ಜೊತೆ ಬಂದಿದ್ದ ಐರಿಷ್ ಲಾಡ್ಜೊಂದರಲ್ಲಿ; ಮೇಸನ್ನರ ಸ್ಥಳೀಯ ಘಟಕಕ್ಕೆ ಲಾಡ್ಜ್ ಎನ್ನುತ್ತಾರೆ. ಅಲ್ಲಿಯ ಬಿಳಿಯ ಮೇಸನ್ನರು ಅವರನ್ನು ಸಮಾನರೆಂದು ಒಪ್ಪಲಿಲ್ಲ. ಆಗ ಅವರು ಲಾಡ್ಜುಗಳ ಮೇಲಿನ ಮಂಡಳಿಯಾದ ಇಂಗ್ಲೆಂಡಿನ ಗ್ರ್ಯಾಂಡ್ ಲಾಡ್ಜಿಗೇ ಅರ್ಜಿ ಹಾಕಿ 1784ರಲ್ಲಿ ಸನ್ನದು ಪಡೆದು, ಆಫ್ರಿಕನ್ ಲಾಡ್ಜ್ ಸಂಖ್ಯೆ 459 ಎಂಬ ತಮ್ಮದೇ ಲಾಡ್ಜನ್ನು ಕಟ್ಟಿಕೊಂಡರು. ಮೂಲೆಮಟ್ಟವೂ ಕೈವಾರವೂ ಬಿಳಿಯರ ಲಾಡ್ಜುಗಳ ಗುರುತಾಗಿದ್ದಂತೆ ಇವರದೂ ಆಗಿತ್ತು, ವಿಧಿಗಳೂ ಅವೇ ಆಗಿದ್ದವು. ಆದರೂ ಅಮೆರಿಕದ ಬಿಳಿಯ ಗ್ರ್ಯಾಂಡ್ ಲಾಡ್ಜುಗಳಲ್ಲಿ ಕನೆಕ್ಟಿಕಟ್ಟಿನದು ಪ್ರಿನ್ಸ್ ಹಾಲ್ ಬಳಗಕ್ಕೆ ಮಾನ್ಯತೆ ಕೊಡುವ ಹೊತ್ತಿಗೆ 1989 ಬಂದಿತ್ತು. ನಮ್ಮ ದೇಶದಲ್ಲೂ ಇದೇ ಕಥೆ ನಡೆದಿದೆ. ಮುಂಬಯಿಯ ಮಾಣೆಕ್‌ಜಿ ಕರ್ಸೆಟ್‌ಜಿಯವರು ಅಲ್ಲಿಯ ಲಾಡ್ಜು ಒಪ್ಪದಿದ್ದಾಗ ಪ್ಯಾರಿಸ್ಸಿಗೆ ಹೋಗಿ ದೀಕ್ಷೆ ಪಡೆದರು. ಭಾರತೀಯರಿಗೆ ಬಾಗಿಲು ತೆರೆದ ಲಾಡ್ಜೊಂದು ಮುಂಬಯಿಯಲ್ಲಿ ಶುರುವಾದದ್ದು 1843ರಲ್ಲಿ.

ಈ ಬಳಗದ ಬಗ್ಗೆ ನನಗೆ ಗೌರವ ಹುಟ್ಟಿರುವುದು ಅದರ ಗುಟ್ಟುಗಳಿಂದಲ್ಲ, ಅದರ ಲೆಕ್ಕಪುಸ್ತಕದಿಂದ. ಕಟುಕರು, ಅಂಚೆ ನೌಕರರು, ರೈಲು ಕಾರ್ಮಿಕರು, ಶಿಕ್ಷಕರು ತಿಂಗಳ ವಂತಿಗೆ ಕಟ್ಟಿ, ಸದಸ್ಯ ಸತ್ತರೆ ಶವಸಂಸ್ಕಾರಕ್ಕೂ ಅವನ ವಿಧವೆಗೂ ನೆರವು ಕೊಡುತ್ತಿದ್ದರು. ಊರಿನ ಚುನಾವಣೆಯಲ್ಲಿ ಮತ ಹಾಕಲು ಬಿಡದ ರಾಜ್ಯಗಳಲ್ಲಿ ಅವರು ತಮ್ಮ ಲಾಡ್ಜಿನೊಳಗೆ ಪದಾಧಿಕಾರಿಗಳನ್ನು ಮತ ಹಾಕಿ ಆರಿಸುತ್ತಿದ್ದರು, ನಡಾವಳಿ ಬರೆಯುತ್ತಿದ್ದರು, ಲೆಕ್ಕ ಒಪ್ಪಿಸುತ್ತಿದ್ದರು. 1950ರ ದಶಕದಲ್ಲಿ ಅವರ ಮೇಲಿನ ಪದವಿಗಳನ್ನು ನೋಡಿಕೊಳ್ಳುವ ಸ್ಕಾಟಿಷ್ ರೈಟ್ ಮಂಡಳಿ ಮಾರ್ಷಲ್ ಅವರ ಕಾನೂನು ನಿಧಿಗೆಂದೇ ಹಣ ಕೂಡಿಸತೊಡಗಿತು. ಹಣದಷ್ಟೇ ದೊಡ್ಡದು ಸ್ವಂತ ಕಟ್ಟಡ. ಮಿಸಿಸಿಪಿಯ ಜಾಕ್ಸನ್ನಿನಲ್ಲಿ ಕಪ್ಪು ಜನರ ಹಕ್ಕುಗಳಿಗಾಗಿ ಹೋರಾಡಿದ ಮೆಡ್ಗರ್ ಎವರ್ಸ್ ಅವರ ಕಚೇರಿ ಇದ್ದದ್ದು ಲಿಂಚ್ ರಸ್ತೆಯ ಮೇಸನ್ ಮಂದಿರದಲ್ಲಿ. 1963ರ ಜೂನ್‌ನಲ್ಲಿ ಅವರನ್ನು ಮನೆಯ ಮುಂದೆ ಗುಂಡಿಟ್ಟು ಕೊಂದಾಗ ಅಂತಿಮ ಸಂಸ್ಕಾರದ ಪ್ರಾರ್ಥನೆ ನಡೆದದ್ದೂ ಅಲ್ಲಿಯೇ. ಬಾಡಿಗೆಯ ಕಟ್ಟಡವಾಗಿದ್ದರೆ ಮಾಲೀಕನ ಒಂದು ಮಾತಿಗೆ ಕಚೇರಿ ಬೀದಿಗೆ ಬರುತ್ತಿತ್ತು.

ಇಂಥ ಬಳಗ ಏಕೆ ಬೇಕಿತ್ತು ಎಂಬುದು 1946ರ ನವೆಂಬರ್ 18ರ ಘಟನೆಯಿಂದ ಅರ್ಥವಾಗುತ್ತದೆ. ಟೆನೆಸಿ ರಾಜ್ಯದ ಕೊಲಂಬಿಯಾ ಊರಿನಲ್ಲಿ ರೇಡಿಯೊ ರಿಪೇರಿಯ ಜಗಳದಿಂದ ಹೊತ್ತಿದ ಗಲಭೆಯ ನಂತರ 25 ಮಂದಿ ಕಪ್ಪು ಜನರ ಮೇಲೆ ಕೊಲೆಯತ್ನದ ಮೊಕದ್ದಮೆ ಹಾಕಿದ್ದರು. ಬಿಳಿಯರಷ್ಟೇ ಇದ್ದ ಜ್ಯೂರಿಯೇ 23 ಮಂದಿಯನ್ನು ಖುಲಾಸೆ ಮಾಡಿತ್ತು. ಉಳಿದೊಂದು ವಿಚಾರಣೆ ಮುಗಿಸಿ ಮಾರ್ಷಲ್ ಅವರು ನ್ಯಾಶ್‌ವಿಲ್‌ನ ವಕೀಲ ಅಲೆಕ್ಸಾಂಡರ್ ಲೂಬಿ, ಇನ್ನೊಬ್ಬ ವಕೀಲ ಮತ್ತು ಪತ್ರಕರ್ತರೊಬ್ಬರ ಜೊತೆ ಕಾರಿನಲ್ಲಿ ಹಿಂದಿರುಗುತ್ತಿದ್ದಾಗ ಪೊಲೀಸರು ತಡೆದರು. ಮೊದಲು ಮದ್ಯ ಸಾಗಿಸುತ್ತಿದ್ದಾರೆಂದು ಕಾರನ್ನೆಲ್ಲ ಜಾಲಾಡಿದರು, ಏನೂ ಸಿಗಲಿಲ್ಲ. ಮತ್ತೆ ತಡೆದು, ಕುಡಿದು ಕಾರು ಓಡಿಸಿದ ಆರೋಪದ ಮೇಲೆ ಮಾರ್ಷಲ್ ಒಬ್ಬರನ್ನೇ ತಮ್ಮ ಕಾರಿಗೆ ಹತ್ತಿಸಿಕೊಂಡು, ಉಳಿದವರಿಗೆ ನ್ಯಾಶ್‌ವಿಲ್‌ಗೆ ನಡೆಯಿರಿ ಎಂದರು. ಪೊಲೀಸರ ಕಾರು ಊರಿನ ಕಡೆಗೆ ಹೋಗದೆ ಡಕ್ ನದಿಯ ಕಡೆಯ ಕಚ್ಚಾ ದಾರಿಗೆ ಹೊರಳಿತು. ಲೂಬಿ ನ್ಯಾಶ್‌ವಿಲ್‌ಗೆ ಹೋಗಲಿಲ್ಲ. ಕಾರು ತಿರುಗಿಸಿಕೊಂಡು ಬೆನ್ನು ಹತ್ತಿದರು. ನದಿಯ ದಂಡೆಯಲ್ಲಿ ಗುಂಪೊಂದು ಕಾದು ನಿಂತಿತ್ತು. ಹಿಂದೆ ಇನ್ನೊಂದು ಕಾರು ಬಿಡದೆ ಬರುತ್ತಿರುವುದನ್ನು ಕಂಡು ಪೊಲೀಸರು ಬೇರೆ ದಾರಿಯಿಲ್ಲದೆ ಊರಿಗೆ ಮರಳಿದರು. ವಯಸ್ಸಾದ ಮ್ಯಾಜಿಸ್ಟ್ರೇಟರು ಮಾರ್ಷಲ್ ಅವರಿಗೆ ತಮ್ಮ ಮುಖದ ಹತ್ತಿರ ಉಸಿರು ಬಿಡಲು ಹೇಳಿ, ಮೂಸಿ ನೋಡಿ, ಈ ಮನುಷ್ಯ ಕುಡಿದಿಲ್ಲ ಎಂದು ಬಿಟ್ಟುಬಿಟ್ಟರು. ಬ್ರೌನ್ ತೀರ್ಪಿಗೆ ಇನ್ನೂ ಏಳೂವರೆ ವರ್ಷ ಬಾಕಿ ಇತ್ತು. ಅಂದು ಜೊತೆಯವರು ಪೊಲೀಸರು ಹೇಳಿದ ದಾರಿ ಹಿಡಿದಿದ್ದರೆ ಆ ಪ್ರಕರಣಕ್ಕೆ ಈ ವಕೀಲರು ಇರುತ್ತಿರಲಿಲ್ಲ.

ಕೋಲಾರದಲ್ಲಿ ಕುಳಿತು ಇದನ್ನು ಓದುವಾಗ ನನಗೆ ಕಂಬಾಲಪಲ್ಲಿಯನ್ನು ನೆನೆಯದೆ ಇರಲಾಗುವುದಿಲ್ಲ. ಚಿಂತಾಮಣಿ ತಾಲ್ಲೂಕಿನ ಆ ಹಳ್ಳಿ ಆಗ ನಮ್ಮ ಜಿಲ್ಲೆಯಲ್ಲೇ ಇತ್ತು. 2000ದ ಮಾರ್ಚ್ 11ರಂದು ಅಲ್ಲಿ ಏಳು ಮಂದಿ ದಲಿತರನ್ನು ಜೀವಂತವಾಗಿ ಸುಟ್ಟರು. 2006ರಲ್ಲಿ ವಿಚಾರಣಾ ನ್ಯಾಯಾಲಯ ಆರೋಪಿಗಳೆಲ್ಲರನ್ನೂ ಬಿಡುಗಡೆ ಮಾಡಿತು. 2014ರಲ್ಲಿ ಹೈಕೋರ್ಟು ಅದನ್ನೇ ಎತ್ತಿಹಿಡಿಯಿತು. ಸಾಕ್ಷಿಗಳು ತಿರುಗಿಬಿದ್ದಿದ್ದರು. ಸಾಕ್ಷಿ ತಿರುಗಿಬಿದ್ದ ಎಂದು ನಾವು ವಕೀಲರು ಸಲೀಸಾಗಿ ಹೇಳಿಬಿಡುತ್ತೇವೆ. ಆದರೆ ಶ್ರೀನಿವಾಸಪುರದ ಕಡೆಯಿಂದ ಬಂದ ಒಬ್ಬ ಹೆಂಗಸು, ಬೇರೊಂದು ಪ್ರಕರಣದಲ್ಲಿ, ಸಂಜೆಯವರೆಗೆ ಕಾದು ಮತ್ತೆ ವಾಯಿದೆ ಬಿದ್ದಾಗ ನನ್ನನ್ನು ಕೇಳಿದ್ದು ಇಷ್ಟು: "ಸ್ವಾಮೀ, ಇವತ್ತಿನ ಕೂಲಿ ಹೋಯ್ತು, ಹೋಗ್ಲಿ. ನಾಳೆ ಟೊಮೆಟೊ ಕೀಳೋಕೆ ಕರೀಬೇಕಾದವರೂ ಅವರ ಕಡೆಯವರೇ ಅಲ್ವಾ?" ಆಕೆಯ ಕೈಯಲ್ಲಿ ಮಡಿಸಿದ ಬಸ್ ಟಿಕೆಟ್ಟೂ ಸಮನ್ಸಿನ ಕಾಗದವೂ ಇದ್ದವು. ಆಕೆ ಸುಳ್ಳು ಹೇಳುವವಳಲ್ಲ. ಆಕೆಯ ಹಿಂದೆ ಬರುವ ಎರಡನೆಯ ಕಾರು ಇರಲಿಲ್ಲ.

ನಮ್ಮಲ್ಲೂ ದೀರ್ಘ ದಾವೆಗಳನ್ನು ಬಿಡದೆ ನಡೆಸಿದ ಪರಂಪರೆ ಇದೆ. ಮಹಾರಾಷ್ಟ್ರದ ಮಹಾಡದ ಚವದಾರ ಕೆರೆಯ ನೀರಿನ ಹಕ್ಕಿನ ಕುರಿತು 1927ರಲ್ಲಿ ಶುರುವಾದ ದಾವೆಯನ್ನು ಅಂಬೇಡ್ಕರ್ ಅವರು 1937ರಲ್ಲಿ ಬಾಂಬೆ ಹೈಕೋರ್ಟಿನ ತೀರ್ಪು ಬರುವವರೆಗೂ ಬಿಡಲಿಲ್ಲ. ನಮ್ಮ ಜಿಲ್ಲೆಯ ದಲಿತ ಚಳವಳಿಗೂ ಬೀದಿಯಲ್ಲಿ ನಿಲ್ಲುವ ಶಕ್ತಿ ಇದೆ. ಧರಣಿಯ ದಿನ ಸೇರುವಷ್ಟು ಜನ, ಮೂರು ವರ್ಷದ ನಂತರ ಸಾಕ್ಷಿ ಹೇಳುವ ದಿನವೂ ನ್ಯಾಯಾಲಯದ ಆವರಣದಲ್ಲಿ ಇರಬೇಕು ಎಂಬುದು ನನ್ನ ಕೋರಿಕೆ. ಅದಕ್ಕೆ ತಿಂಗಳ ವಂತಿಗೆ, ನಡಾವಳಿ ಪುಸ್ತಕ, ಬೀಗ ಹಾಕಿಕೊಳ್ಳಬಹುದಾದ ಒಂದು ಸ್ವಂತ ಕೊಠಡಿ ಬೇಕು. ಗುಟ್ಟಿನ ವಿಧಿಗಳು ನಮಗೆ ಬೇಡ.

ಕಾನೂನು ಈಗಾಗಲೇ ಕೊಟ್ಟಿರುವುದನ್ನು ಪಡೆಯುವುದರಿಂದಲೇ ಶುರುಮಾಡಬಹುದು. ಪರಿಶಿಷ್ಟರ ಮೇಲಿನ ದೌರ್ಜನ್ಯ ತಡೆ ನಿಯಮಗಳು, 1995ರ 11ನೇ ನಿಯಮದ ಪ್ರಕಾರ ನೊಂದವರಿಗೂ ಸಾಕ್ಷಿಗಳಿಗೂ ಪ್ರಯಾಣ ಭತ್ಯೆ, ದಿನಭತ್ಯೆ ಸಲ್ಲಬೇಕು. ಹೆಂಗಸರು ಮತ್ತು 60 ದಾಟಿದವರು ಜೊತೆಗೊಬ್ಬರನ್ನು ಕರೆತರಬಹುದು, ಅವರ ಖರ್ಚೂ ಸಿಗುತ್ತದೆ. ಆ ದೌರ್ಜನ್ಯ ತಡೆ ಕಾಯ್ದೆಗೆ 2015ರಲ್ಲಿ ಸೇರಿಸಿದ 15ಎ ಕಲಂ ಸಾಕ್ಷಿಗಳ ರಕ್ಷಣೆಯನ್ನು ಸರ್ಕಾರದ ಕರ್ತವ್ಯವೆಂದು ಹೇಳುತ್ತದೆ. 2018ರ ಸಾಕ್ಷಿ ಸಂರಕ್ಷಣಾ ಯೋಜನೆಗೆ ಸುಪ್ರೀಂ ಕೋರ್ಟಿನ ಒಪ್ಪಿಗೆಯೂ ಇದೆ. ಭತ್ಯೆ ಕೋರುವ ಅರ್ಜಿಯ ನಮೂನೆಯನ್ನು ಕನ್ನಡದಲ್ಲಿ ಸಿದ್ಧಪಡಿಸಿ ಇಟ್ಟಿದ್ದೇನೆ. ಪ್ರಕರಣದ ಸಂಖ್ಯೆ, ಸಮನ್ಸಿನ ಪ್ರತಿ, ಹಾಜರಾದ ದಿನಾಂಕ ಮತ್ತು ಬಸ್ ಟಿಕೆಟ್ ಜೊತೆಗಿಟ್ಟುಕೊಂಡು ಬಂದರೆ ಅದನ್ನು ತುಂಬಿಕೊಡುತ್ತೇನೆ, ಇದಕ್ಕೆ ಶುಲ್ಕವಿಲ್ಲ.