ಬದುಕಿರುವಾಗಲೇ ಎದ್ದ ಪ್ರತಿಮೆ

ಲಂಡನ್ನಿನ ರಾಯಲ್ ಎಕ್ಸ್‌ಚೇಂಜ್ ಕಟ್ಟಡದ ಹಿಂದೆ ಕುರ್ಚಿಯಲ್ಲಿ ಆರಾಮಾಗಿ ಕೂತ ಒಬ್ಬ ಮುದುಕರ ಕಂಚಿನ ಪ್ರತಿಮೆ ಇದೆ. ಹೆಸರು ಜಾರ್ಜ್ ಪೀಬಾಡಿ. ಇವತ್ತೆಲ್ಲ ಅವರ ಬಗ್ಗೆಯೇ ಓದುತ್ತಿದ್ದೆ.

ರಾಜನಲ್ಲ, ಸೇನಾಪತಿಯಲ್ಲ. ಲಂಡನ್ನಿನವರೂ ಅಲ್ಲ! ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ ಬಡ ಕುಟುಂಬದಲ್ಲಿ ಹುಟ್ಟಿದವರು. ಲಂಡನ್ನಿಗೆ ಬಂದು ಬ್ಯಾಂಕರ್ ಆದರು, ಹಣ ಮಾಡಿದರು. 1862ರಲ್ಲಿ ಅಲ್ಲಿನ ಬಡವರ ಮನೆಗಳಿಗೆಂದು 1,50,000 ಪೌಂಡ್ ಕೊಟ್ಟರು. ಆಮೇಲೆ ಕೊಡುತ್ತಲೇ ಹೋದರು. ಒಟ್ಟು 5 ಲಕ್ಷ ಪೌಂಡ್ ಆಯಿತು. ಮೊದಲ ಮನೆಗಳು 1864ರಲ್ಲಿ ಸ್ಪಿಟಲ್‌ಫೀಲ್ಡ್ಸ್‌ನಲ್ಲಿ ಎದ್ದವು. ವಿಕ್ಟೋರಿಯಾ ರಾಣಿ ಬಿರುದು ಕೊಡುತ್ತೇನೆ ಎಂದರೂ ಅವರು ಒಪ್ಪಲಿಲ್ಲ.

ನನಗೆ ಜಾಸ್ತಿ ಇಷ್ಟವಾಗಿದ್ದು ಪ್ರತಿಮೆಯ ಕಥೆ. ಜನರೇ ಚಂದಾ ಎತ್ತಿ ಮಾಡಿಸಿದ್ದು. ಕೆತ್ತಿದವರೂ ಅಮೆರಿಕದವರೇ, ವಿಲಿಯಂ ವೆಟ್‌ಮೋರ್ ಸ್ಟೋರಿ. 1869ರ ಜುಲೈನಲ್ಲಿ ವೇಲ್ಸ್ ರಾಜಕುಮಾರರು ಅನಾವರಣ ಮಾಡಿದರು. ಆಗ ಪೀಬಾಡಿ ಇನ್ನೂ ಬದುಕಿದ್ದರು! ಅದೇ ನವೆಂಬರ್‌ನಲ್ಲಿ ತೀರಿಕೊಂಡರು. ಅವರ ದೇಹವನ್ನು ಸ್ವಲ್ಪ ಕಾಲ ವೆಸ್ಟ್‌ಮಿನ್‌ಸ್ಟರ್ ಅಬ್ಬೆ ಚರ್ಚಿನಲ್ಲಿಟ್ಟು, ಆಮೇಲೆ ಬ್ರಿಟಿಷ್ ಯುದ್ಧನೌಕೆಯಲ್ಲಿ ಊರಿಗೆ ಕಳಿಸಿಕೊಟ್ಟರು.

ಬಡವರಿಗೆಂದು ಕಟ್ಟಿದ ಆ ಮನೆಗಳಲ್ಲಿ ಆಗ ನಿಯಮ ಕಟ್ಟುನಿಟ್ಟು. ಕೈಯಲ್ಲಿ ಕೆಲಸವಿಲ್ಲದ ಕಡುಬಡವರಿಗೆ ಜಾಗ ಸಿಗುತ್ತಿದ್ದದ್ದು ಕಷ್ಟ. ಅದನ್ನೂ ಹೇಳಬೇಕು ಅಲ್ವಾ. ಆದರೂ ಒಳ್ಳೆಯದು ಮಾಡಿದವರಿಗೆ ಅವರು ಇರುವಾಗಲೇ ಥ್ಯಾಂಕ್ಸ್ ಹೇಳಿದ ಆ ಊರಿನ ಬಗ್ಗೆ ನನಗೆ ತುಂಬಾ ಗೌರವ. ಅಂದಹಾಗೆ, ಅವರ ಹಣದಿಂದ ಶುರುವಾದ ಸಂಸ್ಥೆ ಲಂಡನ್ನಿನಲ್ಲಿ ಇವತ್ತಿಗೂ ಬಾಡಿಗೆ ಮನೆ ಕೊಡುತ್ತಿದೆ.